ಶಿಶುಗಳಲ್ಲಿ ಆಹಾರ ಪ್ರೋಟೀನ್ ಅಲರ್ಜಿಯಿಂದ ಕರುಳಿನ ಉರಿಯೂತ: ಇತಿಹಾಸ

ಹಸುವಿನ ಹಾಲು, ಸೋಯಾ, ಅಕ್ಕಿ ಮುಂತಾದವುಗಳಲ್ಲಿರುವ ಪ್ರೋಟೀನಿಗೆ ಶಿಶುವಿನ ರೋಗನಿರೋಧಕ ವ್ಯವಸ್ಥೆ ವಿಪರೀತವಾಗಿ ಪ್ರತಿಕ್ರಿಯಿಸಿದಾಗ ಕರುಳಿನ ಒಳಪೊರೆಯಲ್ಲಿ ಉರಿಯೂತ ಕಾಣಿಸಿಕೊಳ್ಳುತ್ತದೆ. ಇದಕ್ಕೆ ಮುಖ್ಯವಾಗಿ ಮೂರು ರೂಪಗಳಿವೆ. ಎಂಟರೊಕೊಲೈಟಿಸ್ ಸಿಂಡ್ರೋಮ್‌ನಲ್ಲಿ (ಎಫ್‌ಪಿಐಇಎಸ್) ಆಹಾರ ತಿಂದ 1ರಿಂದ 4 ಗಂಟೆಯೊಳಗೆ ಬಿಟ್ಟೂಬಿಡದ ವಾಂತಿಯಾಗುತ್ತದೆ. ಮಗು ಬಿಳಿಚಿಕೊಂಡು ಸೋತು ಮಲಗುತ್ತದೆ, ಕೆಲವೊಮ್ಮೆ ರಕ್ತದೊತ್ತಡ ಕುಸಿಯುತ್ತದೆ. ಭೇದಿ ಆಮೇಲೆ ಶುರುವಾಗಬಹುದು. ಪ್ರಾಕ್ಟೊಕೊಲೈಟಿಸ್ ಸೌಮ್ಯ ರೂಪ: ಮಗು ಆಟವಾಡಿಕೊಂಡು ಚೆನ್ನಾಗಿಯೇ ಬೆಳೆಯುತ್ತಿದ್ದರೂ ಮಲದಲ್ಲಿ ಲೋಳೆಯೊಡನೆ ರಕ್ತದ ಎಳೆಗಳು ಬರುತ್ತವೆ. ಮೂರನೆಯದಾದ ಎಂಟರೊಪತಿಯಲ್ಲಿ ಸಣ್ಣಕರುಳು ಹಾಳಾಗಿ, ದೀರ್ಘಕಾಲ ಭೇದಿಯಾಗಿ, ಮಗುವಿನ ತೂಕ ಏರುವುದಿಲ್ಲ. ಮೂರರಲ್ಲಿಯೂ ಸಾಮಾನ್ಯವಾಗಿ ಚರ್ಮದ ಪರೀಕ್ಷೆ, ರಕ್ತದ ಐಜಿಇ ಪರೀಕ್ಷೆಗಳಲ್ಲಿ ಏನೂ ಕಾಣುವುದಿಲ್ಲ. ಆಹಾರವನ್ನು ನಿಲ್ಲಿಸಿ, ಗುಣ ಕಂಡ ಮೇಲೆ ಅದನ್ನೇ ಮತ್ತೆ ಕೊಟ್ಟು ನೋಡುವುದೇ ಇವತ್ತಿಗೂ ಖಚಿತ ಸಾಕ್ಷ್ಯ. ಈ ಕಾಯಿಲೆಗಳ ಇತಿಹಾಸದಲ್ಲಿ ಕಾಣುವ ಬಹುತೇಕ ಗೊಂದಲಗಳು ಇಲ್ಲಿಂದಲೇ ಹುಟ್ಟಿವೆ.

ಹಸುವಿನ ಹಾಲು ಕೆಲವು ಕೂಸುಗಳಿಗೆ ಒಗ್ಗುವುದಿಲ್ಲ ಎಂಬುದನ್ನು 20ನೆಯ ಶತಮಾನದ ಆರಂಭದಲ್ಲಿಯೇ ಜರ್ಮನಿಯ ಮಕ್ಕಳ ವೈದ್ಯರು ದಾಖಲಿಸಿದ್ದರು. ಅಮೆರಿಕದಲ್ಲಿ ಸೋಯಾ ಆಧಾರಿತ ಶಿಶು ಆಹಾರ 1909ರಿಂದ, ಹಾಲಿನ ಕೇಸೀನನ್ನು ಮೊದಲೇ ಚೂರು ಮಾಡಿ ತಯಾರಿಸಿದ ಡಬ್ಬಿ ಹಾಲು 1940ರ ದಶಕದಿಂದ ಬಳಕೆಗೆ ಬಂದವು. ಕರುಳಿನ ರಕ್ತಸ್ರಾವವನ್ನೇ ಪ್ರತ್ಯೇಕ ಲಕ್ಷಣಕೂಟವಾಗಿ ಗುರುತಿಸಿದ ಮೊದಲ ಬರಹಗಳಲ್ಲಿ ರೂಬಿನ್ 1940ರಲ್ಲಿ ಪ್ರಕಟಿಸಿದ ಲೇಖನ ಮುಖ್ಯವಾದುದು. ನವಜಾತ ಶಿಶುವಿನ ಕರುಳಿನಿಂದ ರಕ್ತ ಹೋಗುವುದಕ್ಕೆ ಅಲರ್ಜಿಯೂ ಕಾರಣವಾಗಬಹುದೆಂದು ಅದು ಹೇಳಿತು. 1967ರಲ್ಲಿ ಅಮೆರಿಕದ ಜಾಯ್ಸ್ ಗ್ರಿಬೋಸ್ಕಿ, ಹಾಲಿನ ಅಲರ್ಜಿಯಿಂದ ಕರುಳು ಕೆಟ್ಟ ಶಿಶುಗಳ ವಿವರಗಳನ್ನು ಕ್ರಮವಾಗಿ ಒಟ್ಟುಗೂಡಿಸಿದರು. ಅದೇ ಹೊತ್ತಿಗೆ, 1966–67ರಲ್ಲಿ, ಐಜಿಇ ಎಂಬ ಪ್ರತಿಕಾಯ ಪತ್ತೆಯಾಯಿತು. ತಕ್ಷಣ ಮೈಮೇಲೆ ದದ್ದು, ಉಬ್ಬಸ ತರುವ ಅಲರ್ಜಿಗಳನ್ನು ಅಳೆಯಲು ಅದರಿಂದ ದಾರಿಯಾಯಿತು. ಗ್ರಿಬೋಸ್ಕಿ ವಿವರಿಸಿದಂಥ ಶಿಶುಗಳು ಮಾತ್ರ ಆ ಅಳತೆಗೆ ಸಿಗಲಿಲ್ಲ. ಪರೀಕ್ಷೆಯಲ್ಲಿ ಕಾಣದ ಅಲರ್ಜಿಯನ್ನು ಅಲರ್ಜಿ ಎನ್ನಬಹುದೇ ಎಂಬ ಅನುಮಾನ ಹಲವು ದಶಕ ಉಳಿಯಿತು.

ಆ ಅನುಮಾನವನ್ನು ಪ್ರಯೋಗದಿಂದ ಎದುರಿಸಿದವರು ಅಮೆರಿಕದ ಮಕ್ಕಳ ವೈದ್ಯೆ ಜೆರಾಲ್ಡೀನ್ ಪವೆಲ್. 1976ರಲ್ಲಿ ಅವರು, ಕಡಿಮೆ ತೂಕದಲ್ಲಿ ಹುಟ್ಟಿದ ಕೂಸುಗಳಲ್ಲಿ ಹಾಲು ಮತ್ತು ಸೋಯಾದಿಂದ ಉಂಟಾದ ಎಂಟರೊಕೊಲೈಟಿಸನ್ನು ವರದಿ ಮಾಡಿದರು. ಈ ಹಿನ್ನೆಲೆ ಗಮನಾರ್ಹ. ಇಂಥ ಕೂಸುಗಳನ್ನು ಬಾಧಿಸುವ ನೆಕ್ರೊಟೈಸಿಂಗ್ ಎಂಟರೊಕೊಲೈಟಿಸ್ ಎಂಬ ಮಾರಕ ಕಾಯಿಲೆ ಮೇಲ್ನೋಟಕ್ಕೆ ಇದನ್ನೇ ಹೋಲುತ್ತದೆ, ಆದರೆ ಅದರ ಚಿಕಿತ್ಸೆ ಬೇರೆ. 1978ರಲ್ಲಿ ಪವೆಲ್ 9 ಶಿಶುಗಳ ಅಧ್ಯಯನವನ್ನು ಪ್ರಕಟಿಸಿದರು. ಲಕ್ಷಣಗಳ ವಿವರಣೆಗಿಂತ ಪರೀಕ್ಷೆಯ ವಿಧಾನವೇ ಅದರ ದೊಡ್ಡ ಕೊಡುಗೆ. ಎಷ್ಟು ಪ್ರೋಟೀನ್ ಕೊಡಬೇಕು, ಕೊಟ್ಟ ಮೇಲೆ ಎಷ್ಟು ಹೊತ್ತು ಕಾಯಬೇಕು, ಮಲದಲ್ಲಿ ರಕ್ತ ಹಾಗೂ ಬಿಳಿ ರಕ್ತಕಣಗಳನ್ನು ಹೇಗೆ ನೋಡಬೇಕು, ರಕ್ತದಲ್ಲಿ ನ್ಯೂಟ್ರೊಫಿಲ್ ಕಣಗಳು ಎಷ್ಟು ಏರಿದರೆ ಅದನ್ನು ಪ್ರತಿಕ್ರಿಯೆ ಎನ್ನಬೇಕು ಎಂಬುದನ್ನೆಲ್ಲ ಅವರು ಗೊತ್ತುಮಾಡಿದರು. ಕೊಟ್ಟ ಕೆಲವೇ ಗಂಟೆಗಳಲ್ಲಿ ಆಗುವ ನ್ಯೂಟ್ರೊಫಿಲ್ ಏರಿಕೆ, ಐಜಿಇ ಇಲ್ಲದೆಯೂ ದೇಹವಿಡೀ ಪ್ರತಿಕ್ರಿಯಿಸುತ್ತದೆ ಎಂಬುದಕ್ಕೆ ಕಣ್ಣಿಗೆ ಕಾಣುವ ಪುರಾವೆಯಾಯಿತು. ಇಷ್ಟು ಕಡಿಮೆ ಶಿಶುಗಳಿಂದ ಪಡೆದ ಮಾನದಂಡ ಮುಂದೆ ಸುಮಾರು 40 ವರ್ಷ, ಅಲ್ಪಸ್ವಲ್ಪ ಬದಲಾವಣೆಗಳೊಂದಿಗೆ, ರೋಗನಿರ್ಣಯವನ್ನು ಆಳಿತು. ಹಾಲು ಮತ್ತು ಸೋಯಾ ಕುಡಿದ ಎಳೆಕೂಸುಗಳಿಗೆಂದು ರೂಪಿಸಿದ ಆ ಅಳತೆಗೋಲು, ಘನ ಆಹಾರ ತಿನ್ನುವ ವಯಸ್ಸಿನ ಮಕ್ಕಳಿಗೆ ಸರಿಹೊಂದಲಿಲ್ಲ. ಅನೇಕ ಪ್ರಕರಣಗಳು ಕೈತಪ್ಪಲು ಇದೂ ಕಾರಣ.

1982ರಲ್ಲಿ ಲೇಕ್, ವಿಟಿಂಗ್ಟನ್ ಮತ್ತು ಹ್ಯಾಮಿಲ್ಟನ್, ಎದೆಹಾಲನ್ನಷ್ಟೇ ಕುಡಿಯುವ ಶಿಶುಗಳಲ್ಲಿಯೂ ದೊಡ್ಡಕರುಳಿನ ಉರಿಯೂತವನ್ನು ವಿವರಿಸಿದರು. ತಾಯಿ ತಿಂದ ಆಹಾರದ ಪ್ರೋಟೀನ್ ಹಾಲಿನ ಮೂಲಕ ಮಗುವನ್ನು ತಲುಪುತ್ತದೆ ಎಂಬ ವಿವರಣೆ ಬಂದದ್ದರಿಂದ ಚಿಕಿತ್ಸೆ ತಾಯಿಯ ತಟ್ಟೆಗೂ ವಿಸ್ತರಿಸಿತು. 1984ರಲ್ಲಿ ಲಂಡನ್ನಿನ ವೈದ್ಯರು, ಶೈಶವದ ಕೊಲೈಟಿಸ್‌ಗೆ ಆಹಾರದ ಅಲರ್ಜಿಯೇ ಪ್ರಮುಖ ಕಾರಣವೆಂದು ವಾದಿಸಿದರು. 1990ರ ದಶಕದಲ್ಲಿ ಒಳಪೊರೆಯ ಚೂರುಗಳನ್ನು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದವರು ಅಲ್ಲಿ ಗುಂಪುಗೂಡಿದ ಇಯೊಸಿನೊಫಿಲ್ ಕಣಗಳನ್ನು ರೋಗದ ಗುರುತಾಗಿ ಸ್ಥಾಪಿಸಿದರು.

ಎಫ್‌ಪಿಐಇಎಸ್ ಹಾಲು ಮತ್ತು ಸೋಯಾದ ಕಾಯಿಲೆ ಎಂಬ ನಂಬಿಕೆ 2003ರವರೆಗೂ ಗಟ್ಟಿಯಾಗಿತ್ತು. ಆ ವರ್ಷ ಅನ್ನಾ ನೊವಾಕ್-ವೆಗ್ಜಿನ್ ಮತ್ತು ಸಂಗಡಿಗರು, ಅಕ್ಕಿ, ಓಟ್ಸ್, ಬಾರ್ಲಿ, ಕೆಲವು ತರಕಾರಿಗಳು ಮತ್ತು ಕೋಳಿಮಾಂಸದಿಂದ ಎಫ್‌ಪಿಐಇಎಸ್ ಆದ 14 ಶಿಶುಗಳನ್ನು ವರದಿ ಮಾಡಿದರು. ಅಲರ್ಜಿ ಬಾರದಿರಲೆಂದೇ ಮೊದಲು ಕೊಡುತ್ತಿದ್ದ ಅಕ್ಕಿ ಗಂಜಿಯೇ ಇಲ್ಲಿ ಕಾರಣವಾಗಿತ್ತು. 2009ರಲ್ಲಿ ಸಿಡ್ನಿಯಿಂದ ಬಂದ 35 ಮಕ್ಕಳ ವರದಿಯಲ್ಲಿ ಅಕ್ಕಿಯದೇ ಮೊದಲ ಸ್ಥಾನ. ಆ ಮಕ್ಕಳಲ್ಲಿ ಹಲವರಿಗೆ ಮೊದಲ ಸಲ ಆಸ್ಪತ್ರೆಗೆ ಬಂದಾಗ ರಕ್ತದ ಸೋಂಕು ಅಥವಾ ಶಸ್ತ್ರಚಿಕಿತ್ಸೆ ಬೇಕಾದ ಹೊಟ್ಟೆಯ ತೊಂದರೆ ಎಂದು ಶಂಕಿಸಲಾಗಿತ್ತು. ಸ್ಪೇನ್ ಮತ್ತು ಇಟಲಿಯ ವರದಿಗಳಲ್ಲಿ ಮೀನಿಗೆ ಹೆಚ್ಚಿನ ಸ್ಥಾನ ಸಿಕ್ಕಿದರೆ, ಜಪಾನಿನ ಕೆಲವು ಶಿಶುಗಳಲ್ಲಿ ಜ್ವರವೂ ಕಂಡುಬಂತು. ಕಾಯಿಲೆ ಒಂದೇ ಆದರೂ ಆಯಾ ಊರಿನ ಮೊದಲ ತುತ್ತಿಗೆ ತಕ್ಕಂತೆ ಅದರ ರೂಪ ಬದಲಾಗುತ್ತದೆಯೇ, ಅಥವಾ ಹಲವು ಕಾಯಿಲೆಗಳು ಒಂದೇ ಹೆಸರಿನಡಿ ಸೇರಿಕೊಂಡಿವೆಯೇ ಎಂಬುದು ಇನ್ನೂ ಇತ್ಯರ್ಥವಾಗಿಲ್ಲ. 2015ರ ನಂತರ ನೆಲಗಡಲೆ, ಮೊಟ್ಟೆಗಳನ್ನು ಶಿಶುಗಳಿಗೆ ಬೇಗನೆ ಕೊಡಬೇಕೆಂಬ ಸಲಹೆ ಬಂದ ದೇಶಗಳಲ್ಲಿ ಅವುಗಳಿಂದಾದ ಎಫ್‌ಪಿಐಇಎಸ್ ವರದಿಗಳೂ ಬರತೊಡಗಿದವು.

ಆಸ್ಪತ್ರೆಗೆ ಬಂದವರನ್ನಷ್ಟೇ ಎಣಿಸುತ್ತಿದ್ದ ಕಾಲ 2011ರಲ್ಲಿ ಮುಗಿಯಿತು. ಇಸ್ರೇಲಿನಲ್ಲಿ 13,019 ನವಜಾತ ಶಿಶುಗಳನ್ನು ಅನುಸರಿಸಿದ ಕಾಟ್ಜ್ ಮತ್ತು ಸಂಗಡಿಗರು, ಹಸುವಿನ ಹಾಲಿನ ಎಫ್‌ಪಿಐಇಎಸ್ 44 ಶಿಶುಗಳಲ್ಲಿ, ಅಂದರೆ ಶೇ 0.34ರಷ್ಟು, ಇದೆಯೆಂದು ಕಂಡುಕೊಂಡರು. ಅಲ್ಲಿ ಸುಮಾರು ಶೇ 90ರಷ್ಟು ಮಕ್ಕಳು ಮೂರು ವರ್ಷ ತುಂಬುವುದರೊಳಗೆ ಗುಣವಾದರು. ನ್ಯೂಯಾರ್ಕಿನ ತಜ್ಞ ಆಸ್ಪತ್ರೆಯೊಂದರ 2014ರ ವರದಿಯಲ್ಲಿ ಹಾಲನ್ನು ತಾಳಿಕೊಳ್ಳಲು ಬೇಕಾದ ಮಧ್ಯಕ ವಯಸ್ಸು ಸುಮಾರು ಐದು ವರ್ಷ. ತಜ್ಞರ ಬಳಿಗೆ ತೀವ್ರ ಪ್ರಕರಣಗಳೇ ಬರುತ್ತವೆ, ಮರುಪರೀಕ್ಷೆಯೂ ತಡವಾಗುತ್ತದೆ. ಹೀಗಾಗಿ ಎರಡನ್ನೂ ಒಂದೇ ಕಾಯಿಲೆಯ ಸಹಜ ಗತಿ ಎಂದು ಪಕ್ಕಪಕ್ಕ ಇಡುವುದು ಸರಿಯಲ್ಲ. 2017ರಲ್ಲಿ ಎಫ್‌ಪಿಐಇಎಸ್‌ಗೆ ಮೊದಲ ಅಂತರರಾಷ್ಟ್ರೀಯ ಒಮ್ಮತದ ಮಾರ್ಗಸೂಚಿ ಪ್ರಕಟವಾಯಿತು. ಘನ ಆಹಾರದ ಪ್ರಕರಣಗಳನ್ನೂ ಅದು ಒಳಗೊಂಡಿತು. ದ್ರವ ಕೊಡುವುದರ ಜೊತೆಗೆ ವಾಂತಿ ನಿಲ್ಲಿಸುವ ಒಂಡಾನ್ಸೆಟ್ರಾನ್ ಔಷಧಕ್ಕೂ ಚಿಕಿತ್ಸೆಯಲ್ಲಿ ಜಾಗ ಸಿಕ್ಕಿತು.

ಕಾಯಿಲೆಯ ಒಳಗುಟ್ಟು ಮಾತ್ರ ನಿಧಾನವಾಗಿ ಬಿಚ್ಚಿಕೊಳ್ಳುತ್ತಿದೆ. ಹಾಲಿನ ಪ್ರೋಟೀನಿಗೆ ಒಡ್ಡಿದ ರಕ್ತಕಣಗಳು ಟಿಎನ್‌ಎಫ್-ಆಲ್ಫಾ ಎಂಬ ಉರಿಯೂತಕಾರಕವನ್ನು ಸ್ರವಿಸಿ ಕರುಳಿನ ತಡೆಯನ್ನು ಸಡಿಲಿಸುತ್ತವೆ ಎಂದು 1994ರಲ್ಲಿ ಫ್ರೆಂಚ್ ಸಂಶೋಧಕರು ತೋರಿಸಿದರು. ಆಗ ಟಿ-ಕಣಗಳ ಮೇಲೆ ನೆಟ್ಟಿದ್ದ ದೃಷ್ಟಿ, 2017ರ ನಂತರ ಮೊನೊಸೈಟ್, ನ್ಯೂಟ್ರೊಫಿಲ್ ಮುಂತಾದ ಜನ್ಮಜಾತ ಪ್ರತಿರೋಧದ ಕಣಗಳತ್ತ ಹೊರಳಿತು.

ಅತ್ಯಂತ ವಿವಾದಕ್ಕೆ ಈಡಾಗಿರುವುದು ಸೌಮ್ಯ ರೂಪವಾದ ಪ್ರಾಕ್ಟೊಕೊಲೈಟಿಸ್. ಅದೇ ಇಸ್ರೇಲಿ ಶಿಶುಗಳಲ್ಲಿ ಹಸುವಿನ ಹಾಲಿನಿಂದಾದ ಇದರ ಪ್ರಮಾಣ ಶೇ 0.16 ಎಂದು 2012ರಲ್ಲಿ ವರದಿಯಾಯಿತು. ಎಂಟು ವರ್ಷಗಳ ನಂತರ ಅಮೆರಿಕದ ಮ್ಯಾಸಚೂಸೆಟ್ಸ್‌ನಿಂದ ಬಂದ ಅಧ್ಯಯನದಲ್ಲಿ 903 ಶಿಶುಗಳ ಪೈಕಿ ಶೇ 17ರಷ್ಟು ಮಂದಿಗೆ ಈ ರೋಗನಿರ್ಣಯ ಅಂಟಿತ್ತು. ನೂರು ಪಟ್ಟು ಅಂತರವನ್ನು ದೇಶ, ಜನಾಂಗ, ಆಹಾರಗಳಿಂದ ಮಾತ್ರ ವಿವರಿಸಲಾಗದು. ಮ್ಯಾಸಚೂಸೆಟ್ಸ್‌ನಲ್ಲಿ ಕಣ್ಣಿಗೆ ಕಾಣದ, ರಾಸಾಯನಿಕ ಪರೀಕ್ಷೆಗೆ ಮಾತ್ರ ಸಿಗುವ ರಕ್ತವನ್ನೂ ಲೆಕ್ಕಕ್ಕೆ ಹಿಡಿಯಲಾಗಿತ್ತು, ಮಕ್ಕಳ ವೈದ್ಯರ ನಿರ್ಣಯವನ್ನೇ ಒಪ್ಪಲಾಗಿತ್ತು. ಕಾಣುವ ರಕ್ತವನ್ನಷ್ಟೇ ಎಣಿಸಿದಾಗ ಪ್ರಮಾಣ ಶೇ 7ಕ್ಕೆ ಇಳಿಯಿತು.

ಈ ಅಂತರದ ಮೂಲವನ್ನು ಫಿನ್ಲೆಂಡಿನ ಒಂದು ಚಿಕ್ಕ ಅಧ್ಯಯನ 2006ರಲ್ಲಿಯೇ ಬೆರಳಿಟ್ಟು ತೋರಿಸಿತ್ತು. ಅರ್ವೋಲಾ ಮತ್ತು ಸಂಗಡಿಗರು ಮಲದಲ್ಲಿ ರಕ್ತ ಹೋಗುತ್ತಿದ್ದ 40 ಶಿಶುಗಳನ್ನು ಪರೀಕ್ಷಿಸಿದರು. ಹಾಲನ್ನು ಮತ್ತೆ ಕೊಟ್ಟು ನೋಡಿದಾಗ ನಿಜವಾದ ಹಾಲಿನ ಅಲರ್ಜಿ ಶೇ 18ರಷ್ಟು ಶಿಶುಗಳಲ್ಲಿ ಮಾತ್ರ ಖಚಿತವಾಯಿತು. ಹಾಲು ಬಿಡಿಸಿದ ಗುಂಪಿನಲ್ಲಿ ರಕ್ತಸ್ರಾವ ಬೇಗ ನಿಲ್ಲಲೂ ಇಲ್ಲ. ಅಂದರೆ ಬಹುಪಾಲು ಶಿಶುಗಳಲ್ಲಿ ರಕ್ತ ತಾನಾಗಿಯೇ ನಿಲ್ಲುತ್ತದೆ. ಅಷ್ಟರಲ್ಲಿ ಹಾಲು ಬಿಡಿಸಿದ್ದರೆ ಕೀರ್ತಿ ಪಥ್ಯಕ್ಕೆ ಹೋಗುತ್ತದೆ. ಮರುಪರೀಕ್ಷೆಯಿಲ್ಲದೆ ಮಾಡಿದ ರೋಗನಿರ್ಣಯಗಳು ಎಷ್ಟೋ ತಾಯಂದಿರನ್ನು ತಿಂಗಳುಗಟ್ಟಲೆ ಹಾಲು, ಮೊಸರು, ಸೋಯಾಗಳಿಂದ ದೂರವಿಟ್ಟಿವೆ, ಕೆಲವರು ಎದೆಹಾಲನ್ನೇ ನಿಲ್ಲಿಸುವಂತೆ ಮಾಡಿವೆ. ಈ ಹಾನಿಯನ್ನು ಹಳೆಯ ಪಠ್ಯಪುಸ್ತಕಗಳು ಬಹುಮಟ್ಟಿಗೆ ಲೆಕ್ಕಕ್ಕೇ ಹಿಡಿಯಲಿಲ್ಲ.

ವಿವಾದಕ್ಕೆ ಹಣದ ಮುಖವೂ ಇದೆ. ಇಂಗ್ಲೆಂಡಿನಲ್ಲಿ ಹಾಲಿನ ಅಲರ್ಜಿಗೆಂದು ಬರೆದುಕೊಟ್ಟ ವಿಶೇಷ ಡಬ್ಬಿ ಹಾಲಿನ ಚೀಟಿಗಳು 2006ರಲ್ಲಿ ವರ್ಷಕ್ಕೆ 1,05,029 ಇದ್ದವು, 2016ರ ಹೊತ್ತಿಗೆ 6 ಲಕ್ಷ ದಾಟಿದವು. ಕಾಯಿಲೆಯೇ ಅಷ್ಟು ಹೆಚ್ಚಿತು ಎನ್ನಲು ಪುರಾವೆ ಇರಲಿಲ್ಲ. ಹಾಲಿನ ಅಲರ್ಜಿಯ ಮಾರ್ಗಸೂಚಿಗಳನ್ನು ಬರೆದವರಲ್ಲಿ ಶೇ 81ರಷ್ಟು ಮಂದಿ ಹಿತಾಸಕ್ತಿಯ ಸಂಘರ್ಷವನ್ನು ಘೋಷಿಸಿದ್ದರೆಂದು 2020ರ ಪರಿಶೀಲನೆಯೊಂದು ತೋರಿಸಿತು. ಅದರಿಂದಾಚೆಗೆ, ಸೌಮ್ಯ ಲಕ್ಷಣವಿರುವ ಶಿಶುಗಳಲ್ಲಿ ಕೆಲಕಾಲ ಕಾದು ನೋಡುವ, ಪಥ್ಯ ಮಾಡಿಸಿದರೂ ಕೆಲವು ವಾರಗಳಲ್ಲಿ ಹಾಲನ್ನು ಮತ್ತೆ ಕೊಡುವ ಸಲಹೆಗೆ ಬಲ ಬಂದಿದೆ.

ಭಾರತದಲ್ಲಿ ಗೊಂದಲದ ದಿಕ್ಕೇ ಬೇರೆ. ಇಲ್ಲಿ ಮಗುವಿನ ಮಲದಲ್ಲಿ ರಕ್ತ ಕಂಡರೆ ಮೊದಲು ನೆನಪಾಗುವುದು ಸೋಂಕಿನ ರಕ್ತಭೇದಿ, ದೀರ್ಘ ಭೇದಿಯಾದರೆ ಹಾಲಿನ ಸಕ್ಕರೆಯಾದ ಲ್ಯಾಕ್ಟೋಸ್ ಜೀರ್ಣವಾಗದ ತೊಂದರೆ. ಆ ತೊಂದರೆಯೇ ಬೇರೆ, ಪ್ರೋಟೀನ್ ಅಲರ್ಜಿಯೇ ಬೇರೆ. ಲಖನೌದ ಸಂಜಯ್ ಗಾಂಧಿ ಸ್ನಾತಕೋತ್ತರ ವೈದ್ಯವಿಜ್ಞಾನ ಸಂಸ್ಥೆಯ ಉಜ್ಜಲ್ ಪೊದ್ದಾರ್ ಮತ್ತು ಸಂಗಡಿಗರು 2010ರಲ್ಲಿ 40 ಮಕ್ಕಳ ಅನುಭವವನ್ನು ಪ್ರಕಟಿಸಿ, ಅಭಿವೃದ್ಧಿಶೀಲ ದೇಶಗಳಲ್ಲಿಯೂ ಈ ಅಲರ್ಜಿಯನ್ನು ಗುರುತಿಸಬೇಕೆಂದು ವಾದಿಸಿದರು. ಭಾರತೀಯ ಮಕ್ಕಳ ಜಠರಕರುಳು ತಜ್ಞರ ಮಾರ್ಗಸೂಚಿ 2020ರಲ್ಲಿ ಬಂತು. ಮನೆಗಳಲ್ಲಿ ಪರ್ಯಾಯವೆಂದು ಕೊಡುವ ಎಮ್ಮೆ, ಮೇಕೆ ಹಾಲಿನ ಪ್ರೋಟೀನುಗಳು ಹಸುವಿನ ಹಾಲಿನವುಗಳನ್ನೇ ಬಹುಮಟ್ಟಿಗೆ ಹೋಲುವುದರಿಂದ ಅವು ಪರಿಹಾರವಲ್ಲ. ಎದೆಹಾಲು ಕುಡಿಯುವ ಶಿಶುವಾದರೆ ಎದೆಹಾಲು ನಿಲ್ಲಿಸದೆ, ತಾಯಿಯ ಆಹಾರದಿಂದ ಹಾಲಿನ ಪದಾರ್ಥಗಳನ್ನು ತೆಗೆದು ನೋಡುವುದು ಒಪ್ಪಿತ ಕ್ರಮ.