ಗಂಟೆ ಬಾರಿಸಿದ ಮೇಲೆ

ಮೊನ್ನೆ ಆಫೀಸಿನಲ್ಲಿ ಊಟದ ಹೊತ್ತಿಗೆ ಹುಡುಗರು 1975ರ ಮನಿಲಾ ಬಾಕ್ಸಿಂಗ್ ಪಂದ್ಯ ಹಾಕಿದ್ರು. ಮಹಮ್ಮದ್ ಅಲಿ, ಜೋ ಫ್ರೇಜಿಯರ್. 14 ಸುತ್ತು ಮುಗಿಯೋ ಹೊತ್ತಿಗೆ ಫ್ರೇಜಿಯರ್‌ಗೆ ಕಣ್ಣು ಸರಿಯಾಗಿ ಕಾಣ್ತಿರಲಿಲ್ಲ. ಆದರೂ ಏಳ್ತೀನಿ ಅಂದ. ಅವನ ಗುರು ಎಡ್ಡಿ ಫಚ್ ಬೇಡ ಅಂತ ಪಂದ್ಯ ನಿಲ್ಲಿಸಿಬಿಟ್ಟ. ಗೆದ್ದ ಅಲಿಗೂ ನಿಲ್ಲೋ ತ್ರಾಣ ಇರಲಿಲ್ಲ.

ನನಗೆ ನಮ್ಮ ಕಡೆಯ ಸುರಪುರ ನೆನಪಾಯ್ತು. ಶಾಲೆಯಲ್ಲಿ "1858, ಸುರಪುರದ ದಂಗೆ, ರಾಜಾ ವೆಂಕಟಪ್ಪ ನಾಯಕ" ಅಂತ ಬಾಯಿಪಾಠ ಮಾಡಿದ್ವಿ, ಎರಡು ಮಾರ್ಕಿಗೆ. ಕಾಳಗ ಮುಗಿದ ಮೇಲೆ ಆ ಹುಡುಗನಿಗೆ ಏನಾಯ್ತು ಅಂತ ಯಾರೂ ಕೇಳಲಿಲ್ಲ.

ಹೌದು, ಹುಡುಗನೇ. ವಯಸ್ಸು ಸುಮಾರು 24. ತಂದೆ ತೀರಿಕೊಂಡಾಗ ಸಣ್ಣವನು. ಹಾಗಾಗಿ 1841ರಿಂದ 1853ರವರೆಗೆ ಸಂಸ್ಥಾನ ನೋಡಿಕೊಂಡವನು ಮೆಡೋಸ್ ಟೇಲರ್. ಹುಡುಗ ಅವನನ್ನು ಕರೀತಿದ್ದದ್ದು "ಅಪ್ಪ" ಅಂತ.

1858ರ ಫೆಬ್ರವರಿ 8ರಂದು ಕಾಳಗ ನಡೀತು. ಬ್ರಿಟಿಷರ ಕ್ಯಾಪ್ಟನ್ ನ್ಯೂಬೆರಿ ಸತ್ತ. ಆದರೆ ಹೆಚ್ಚಿನ ಪಡೆ ಬರ್ತಿತ್ತು. ಅದೇ ರಾತ್ರಿ ನಾಯಕ ಕೆಲವೇ ಸವಾರರ ಜೊತೆ ಹೈದರಾಬಾದಿನ ದಾರಿ ಹಿಡಿದ. ಅಲ್ಲಿ ಸಿಕ್ಕಿಬಿದ್ದ. ಸಾಲಾರ್ ಜಂಗ್ ಅವನನ್ನು ರೆಸಿಡೆಂಟ್‌ಗೆ ಒಪ್ಪಿಸಿದ.

ಸೆರೆಯಲ್ಲಿ ಟೇಲರ್ ಭೇಟಿಯಾದ. ನಿನ್ನನ್ನು ಎತ್ತಿಕಟ್ಟಿದವರು ಯಾರು, ಹೆಸರು ಹೇಳು, ಉಳೀತೀಯ ಅಂದ. ನಾಯಕ ಒಪ್ಪಲಿಲ್ಲ. ಕಳ್ಳನ ಹಾಗೆ ನೇಣಿಗೆ ಹಾಕಬೇಡಿ, ತೋಪಿನ ಬಾಯಿಗೆ ಕಟ್ಟಿ ಅಂತಷ್ಟೇ ಕೇಳಿಕೊಂಡ. ಟೇಲರ್ ಇದನ್ನು ತನ್ನ ಆತ್ಮಕಥೆಯಲ್ಲಿ ತಾನೇ ಬರೆದಿಟ್ಟಿದ್ದಾನೆ.

ಮರಣದಂಡನೆ ಮೊದಲು ಜೀವಾವಧಿ ಗಡಿಪಾರಾಯ್ತು. ಕಡೆಗೆ ಚೆಂಗಲ್ಪಟ್ಟುವಿನಲ್ಲಿ 4 ವರ್ಷ ಸೆರೆ ಅಂತಾಯ್ತು. ನಡತೆ ಸರಿಯಿದ್ದರೆ ಸಂಸ್ಥಾನವೂ ವಾಪಸ್ ಸಿಗಬಹುದಿತ್ತು. ಆದರೆ ಆ ದಾರಿಯ ಬಿಡಾರದಲ್ಲೇ, ಮೇ 11ರಂದು, ಕಾವಲಿನ ಅಧಿಕಾರಿಯ ರಿವಾಲ್ವರ್‌ನ ಗುಂಡಿಗೆ ನಾಯಕ ಸತ್ತ. ತಾನೇ ಹಾರಿಸಿಕೊಂಡ ಅಂತ ಬ್ರಿಟಿಷರ ದಾಖಲೆ. ಸುರಪುರದಲ್ಲಿ ಈ ಮಾತು ನಂಬದವರು ಇವತ್ತಿಗೂ ಇದ್ದಾರೆ, ಅಲ್ಲಿ ಹೋಗಿ ಕೇಳಿ ನೋಡ್ರಿ.

ಫಚ್ ತನ್ನ ಹುಡುಗನನ್ನು ಕೂರಿಸಿದ, ಬದಲಿಗೆ ಏನನ್ನೂ ಕೇಳಲಿಲ್ಲ. ಟೇಲರ್‌ಗೂ ಪ್ರೀತಿ ಇತ್ತು, ನಾನು ಇಲ್ಲ ಅನ್ನಲ್ಲ. ಆದರೆ ಆ ಪ್ರೀತಿ ಉಳಿಸೋದಕ್ಕೆ ಬೇರೆಯವರ ಹೆಸರು ಕೇಳ್ತು. ಹುಡುಗ ಸೋತಿದ್ದ, ರಾಜ್ಯ ಹೋಗಿತ್ತು. ಉಳಿದಿದ್ದು ಬಾಯಿ ಬಿಡದಿರೋದು ಒಂದೇ. ಅದನ್ನು ಅವನು ಯಾರಿಗೂ ಬಿಟ್ಟುಕೊಡಲಿಲ್ಲ.

ಸುರಪುರದ ಗುಡ್ಡದ ಮೇಲೆ ಟೇಲರ್ ಮಂಜಿಲ್ ಈಗಲೂ ಇದೆ. ಊರಿಗೆ ಹೋದರೆ ಹತ್ತಿ ನೋಡಿ. ನೋಡುವಾಗ ಆ "ಅಪ್ಪ" ಅನ್ನೋ ಮಾತು ನೆನಪಿರಲಿ.