ಕ್ರಿಸ್ಪರ್
ನಾಮಪದ. ಆರು ಇಂಗ್ಲಿಷ್ ಪದಗಳ ಮೊದಲಕ್ಷರ ಪೋಣಿಸಿದ ಹೆಸರು. ಬ್ಯಾಕ್ಟೀರಿಯಾದ ಡಿಎನ್‌ಎಯಲ್ಲಿ ಸಮ ಅಂತರದಲ್ಲಿ ಮರುಕಳಿಸುವ ಪುಟ್ಟ ತುಣುಕುಗಳಿಗೆ ಸ್ಪೇನಿನ ಫ್ರಾನ್ಸಿಸ್ಕೊ ಮೊಹಿಕಾ ಸೂಚಿಸಿದ್ದು, 2002ರಲ್ಲಿ ಅಚ್ಚಾಯಿತು. ಆ ತುಣುಕುಗಳ ನಡುನಡುವೆ ಇರುವುದು ಹಿಂದೆ ದಾಳಿಯಿಟ್ಟ ವೈರಸ್‌ಗಳ ಗುರುತು ಎಂಬುದು ಆಮೇಲೆ ತಿಳಿಯಿತು. 2012ರಲ್ಲಿ ಜೆನಿಫರ್ ಡೌಡ್ನಾ, ಎಮಾನ್ಯುಯೆಲ್ ಶಾರ್ಪಾಂಟಿಯೇ ಆ ಗುರುತು ಹಿಡಿದು ವೈರಸ್‌ಗಳನ್ನು ತಡೆಯುವ ಬ್ಯಾಕ್ಟೀರಿಯಾದ ಈ ರಕ್ಷಣಾ ವ್ಯವಸ್ಥೆಯನ್ನೇ ಜೀನ್ ತಿದ್ದುವ ಉಪಕರಣವಾಗಿಸಿದರು: ಮಾರ್ಗದರ್ಶಿ ಆರ್‌ಎನ್‌ಎ ಜಾಗ ಹುಡುಕುತ್ತದೆ, ಕ್ಯಾಸ್‌9 ಕಿಣ್ವ ಕತ್ತರಿಸುತ್ತದೆ, ಜೀವಕೋಶ ತಾನೇ ಬೆಸೆದುಕೊಳ್ಳುತ್ತದೆ. ಯಾವ ಜೀನ್ ಏನು ಮಾಡುತ್ತದೆಂದು ತಿಳಿಯಲು ಅದನ್ನು ಕೆಡಿಸಿ ನೋಡುವುದು ಪ್ರಯೋಗಾಲಯಗಳಲ್ಲೀಗ ನಿತ್ಯದ ಕೆಲಸ. ಪತ್ರಿಕೆಗಳು ಕ್ರಿಸ್ಪರನ್ನು ‘ಜೀನ್ ಕತ್ತರಿ’ ಎನ್ನುತ್ತವೆ. ದುಡಿಮೆ ಕ್ಯಾಸ್‌9ದು, ಹೆಸರು ಮಾತ್ರ ಕ್ರಿಸ್ಪರ್‌ಗೆ! ಸಿಕಲ್ ಸೆಲ್ ರಕ್ತಹೀನತೆ, ಥಲಸ್ಸೇಮಿಯಾಗಳಿಗೆ ಮೊದಲ ಕ್ರಿಸ್ಪರ್ ಚಿಕಿತ್ಸೆಯನ್ನು ಬ್ರಿಟನ್ 2023ರ ನವೆಂಬರಿನಲ್ಲಿ ಒಪ್ಪಿತು.