ಟೆಕ್ಸಾಸಿನಲ್ಲೊಂದು ಶಾಸನ ಬಳಗ

ಇಮ್ಮಡಿ ಪುಲಕೇಶಿ ಬಾದಾಮಿಯಲ್ಲಿ ಆಳುತ್ತಿದ್ದ ದಿನಗಳಲ್ಲೇ, 615ರಲ್ಲಿ, ದಕ್ಷಿಣ ಮೆಕ್ಸಿಕೋದ ಮಾಯಾ ನಗರ ಪಲೆಂಕೆಯಲ್ಲಿ ಪಕಾಲ್ ಎಂಬ ಹನ್ನೆರಡು ವರ್ಷದ ಹುಡುಗ ಪಟ್ಟವೇರಿದ. 683ರವರೆಗೆ ಆಳಿದ. ಪುಲಕೇಶಿಯ ಕವಿ ರವಿಕೀರ್ತಿ 634ರಲ್ಲಿ ಐಹೊಳೆಯ ಮೇಗುತಿ ಗುಡಿಯ ಗೋಡೆಯ ಮೇಲೆ ತನ್ನ ಒಡೆಯನ ಗೆಲುವುಗಳನ್ನು ಬರೆಸಿದ. ಪಕಾಲನೂ ಅವನ ಮಕ್ಕಳೂ ತಮ್ಮ ವಂಶದ ಕಥೆಯನ್ನು ಸುಣ್ಣಕಲ್ಲಿನಲ್ಲಿ ಕೆತ್ತಿಸಿದರು. ಐಹೊಳೆಯ ಶಾಸನವನ್ನು ಹತ್ತೊಂಬತ್ತನೆಯ ಶತಮಾನದಲ್ಲೇ ಓದಿ ಅಚ್ಚು ಹಾಕಿಸಿದ್ದರು. ಪಲೆಂಕೆಯ ಅರಸರನ್ನು ಸಾಲಾಗಿ ನಿಲ್ಲಿಸಲು ಮಾತ್ರ 1973ರ ಡಿಸೆಂಬರ್ ಬರಬೇಕಾಯಿತು. ಅದರಲ್ಲಿ ಕೈಯಿದ್ದ ಒಬ್ಬಾಕೆ ಮುಂದೆ ಆಸ್ಟಿನ್‌ನಲ್ಲಿ ಕಟ್ಟಿದ ಬಳಗದ ಕಥೆ ಇದು. ಇದೇ ರಾಜ್ಯದಲ್ಲಿ ಮನೆ ಮಾಡಿಕೊಂಡಿರುವ ನಮ್ಮಲ್ಲಿ ಅದನ್ನು ಬಲ್ಲವರು ಕಡಿಮೆ.

ಲಿಂಡಾ ಷೀಲಿ ಪುರಾತತ್ತ್ವ ಓದಿದವಳಲ್ಲ. 1942ರಲ್ಲಿ ಟೆನ್ನೆಸಿಯಲ್ಲಿ ಹುಟ್ಟಿ, ಅಲಬಾಮಾದ ವಿಶ್ವವಿದ್ಯಾಲಯವೊಂದರಲ್ಲಿ ಚಿತ್ರಕಲೆ ಹೇಳಿಕೊಡುತ್ತಿದ್ದಳು. 1970ರ ಕೊನೆಯಲ್ಲಿ ರಜೆಗೆಂದು ಮೆಕ್ಸಿಕೋಗೆ ಹೋದವಳಿಗೆ ಪಲೆಂಕೆ ಕಣ್ಣಿಗೆ ಬಿತ್ತು. ಅಲ್ಲಿಂದ ಮನಸ್ಸು ಮರಳಲಿಲ್ಲ. ಮೂರು ವರ್ಷದ ಬಳಿಕ ಕಲಾವಿದೆ ಮರ್ಲ್ ಗ್ರೀನ್ ರಾಬರ್ಟ್‌ಸನ್ ಅದೇ ಊರಲ್ಲಿ ವಿದ್ವಾಂಸರ ದುಂಡುಮೇಜಿನ ಸಭೆ ಕರೆದಳು. ಆ ಸಭೆಯ ಒಂದು ಮಧ್ಯಾಹ್ನ ಷೀಲಿಯೂ, ಇನ್ನೂ ಪದವಿ ವಿದ್ಯಾರ್ಥಿಯಾಗಿದ್ದ ಪೀಟರ್ ಮ್ಯಾಥ್ಯೂಸನೂ ಕೂತು, ತಾರೀಖುಗಳನ್ನೂ ಹೆಸರಿನ ಗುರುತುಗಳನ್ನೂ ಒಂದಕ್ಕೊಂದು ತಾಳೆ ನೋಡುತ್ತ ಹೋದರು. ಸಂಜೆಯಾಗುವಷ್ಟರಲ್ಲಿ ಪಲೆಂಕೆಯ ಸುಮಾರು ಇನ್ನೂರು ವರ್ಷಗಳ ಅರಸರ ಹುಟ್ಟು, ಪಟ್ಟ, ಸಾವುಗಳ ಪಟ್ಟಿ ಸಿದ್ಧವಾಗಿತ್ತು.

ಅಷ್ಟು ತಡವಾದದ್ದೇಕೆ? ಸೋವಿಯತ್ ವಿದ್ವಾಂಸ ಯೂರಿ ಕ್ನೋರೊಜೊವ್ 1952ರಲ್ಲೇ ದಾರಿ ತೋರಿಸಿದ್ದ. ಮಾಯಾ ಲಿಪಿಯಲ್ಲಿ ಇಡೀ ಪದಕ್ಕೆ ನಿಲ್ಲುವ ಚಿಹ್ನೆಗಳಿವೆ, ಜೊತೆಗೆ ನಮ್ಮ ಕಾಗುಣಿತದಂತೆ ವ್ಯಂಜನ-ಸ್ವರ ಕೂಡಿದ ಚಿಹ್ನೆಗಳೂ ಇವೆ. ಜಾಗ್ವಾರ್‌ಗೆ ‘ಬಾಲಮ್’ ಎನ್ನುತ್ತಾರೆ. ಅದನ್ನು ಜಾಗ್ವಾರಿನ ತಲೆ ಬಿಡಿಸಿಯೂ ತೋರಿಸಬಹುದು, ಬ-ಲ-ಮ ಎಂದು ಮೂರು ಚಿಹ್ನೆಗಳಲ್ಲೂ ಬರೆಯಬಹುದು. ಆದರೆ ಆ ಕಾಲದ ಹಿರಿಯ ಮಾಯಾ ವಿದ್ವಾಂಸ ಎರಿಕ್ ಥಾಂಪ್ಸನ್ ಇದನ್ನು ಒಪ್ಪಲಿಲ್ಲ, ಅವನು ಒಪ್ಪದ್ದನ್ನು ಉಳಿದವರು ಒಪ್ಪಲು ಹೆದರಿದರು. ದೊಡ್ಡವರೊಬ್ಬರ ಮುನಿಸಿಗೆ ಒಂದು ಶಾಸ್ತ್ರ ಎಷ್ಟು ವರ್ಷ ತೆರುತ್ತದೆ ನೋಡಿ.

ಷೀಲಿ ಆಸ್ಟಿನ್‌ನ ಟೆಕ್ಸಾಸ್ ವಿಶ್ವವಿದ್ಯಾಲಯಕ್ಕೆ ಬಂದಳು. 1977ರಲ್ಲಿ ಅಲ್ಲಿ ಮೊದಲ ಮಾಯಾ ಲಿಪಿ ಕಮ್ಮಟ ನಡೆಯಿತು. ಅದೇ ಬೆಳೆದು ‘ಮಾಯಾ ಮೀಟಿಂಗ್ಸ್’ ಎಂಬ ಹೆಸರಲ್ಲಿ ಕೂಡತೊಡಗಿತು. ಅವಳ ಪಿಎಚ್.ಡಿ. ಮುಗಿದದ್ದು 1980ರಲ್ಲಿ. ವಿಷಯ, ಮಾಯಾ ಶಾಸನಗಳ ಕ್ರಿಯಾಪದಗಳು. ನಮ್ಮಲ್ಲಿ ಕ್ರಿಯಾಪದ ವಾಕ್ಯದ ಕೊನೆಗೆ ಕೂರುತ್ತದೆ. ಮಾಯಾ ಶಾಸನದಲ್ಲಿ ತಾರೀಖು ಮುಗಿದೊಡನೆ ಅದೇ ಬರುತ್ತದೆ, ಮಾಡಿದವನ ಹೆಸರು ಆಮೇಲೆ. ಈ ಜಾಗ ಗೊತ್ತಿದ್ದರೆ ಚಿಹ್ನೆಯ ಉಚ್ಚಾರ ತಿಳಿಯದಿದ್ದರೂ ಹುಟ್ಟಿದ್ದು, ಗದ್ದುಗೆ ಏರಿದ್ದು, ಸತ್ತದ್ದು ಎಂದು ಊಹಿಸಬಹುದು. ಕಮ್ಮಟದಲ್ಲಿ ಹೊಸಬರ ಕೈಗೆ ಅವಳು ಕೊಟ್ಟ ಕೀಲಿ ಇದೇ. ಪ್ರತಿ ವರ್ಷವೂ ಒಂದು ಜೆರಾಕ್ಸ್ ಕೈಪಿಡಿ, ಅದರ ತುಂಬ ಅವಳೇ ಬಿಡಿಸಿದ ಶಾಸನದ ರೇಖಾಚಿತ್ರಗಳು. ಒಳಬರಲು ಪದವಿಯ ಹಂಗಿರಲಿಲ್ಲ. ಪ್ರಾಧ್ಯಾಪಕರ ಪಕ್ಕದಲ್ಲೇ ಹವ್ಯಾಸಿಗಳು ಕೂತು ಗುಂಪುಗುಂಪಾಗಿ ಕಲ್ಲು ಓದುತ್ತಿದ್ದರು. ಹೊಸ ಓದು ಹೊಳೆದರೆ ಪತ್ರಿಕೆಯಲ್ಲಿ ಅಚ್ಚಾಗಲೆಂದು ಕಾಯದೆ ‘ಕೋಪಾನ್ ನೋಟ್ಸ್’, ‘ಟೆಕ್ಸಾಸ್ ನೋಟ್ಸ್’ ಎಂಬ ಬಿಡಿ ಟಿಪ್ಪಣಿಗಳಲ್ಲಿ ಹಂಚಿಬಿಡುತ್ತಿದ್ದರು. ಅವುಗಳಲ್ಲಿ ತಪ್ಪೂ ಇರುತ್ತಿತ್ತು, ಮುಂದಿನ ಟಿಪ್ಪಣಿಯಲ್ಲಿ ತಿದ್ದುಪಡಿಯೂ ಬರುತ್ತಿತ್ತು. ಬಳಗ ಐವತ್ತರ ಹತ್ತಿರ ಬಂದು ನಿಂತಿರುವುದಕ್ಕೆ ನನಗೆ ಕಾಣುವ ಕಾರಣ ಈ ಧಾರಾಳ. ಬೆಂಗಳೂರಿನ ಶಾಸನಕಲ್ಲುಗಳನ್ನು ಊರೂರು ಅಲೆದು ಹುಡುಕುತ್ತಿರುವ, ಮಿಥಿಕ್ ಸೊಸೈಟಿಯ ಜೊತೆ ಮೂರು ಆಯಾಮದ ಸ್ಕ್ಯಾನ್ ಮಾಡಿ ಎಲ್ಲರಿಗೂ ತೆರೆದಿಡುತ್ತಿರುವ ಹವ್ಯಾಸಿಗಳು ಇವರಿಗೆ ತೀರ ಹತ್ತಿರದ ನೆಂಟರು.

ಡಲ್ಲಾಸ್ ಕಡೆಯ ಪಾಲೂ ಸಣ್ಣದಲ್ಲ. ಅಲ್ಲಿನ ಸದರ್ನ್ ಮೆಥಡಿಸ್ಟ್ ವಿಶ್ವವಿದ್ಯಾಲಯದಲ್ಲಿದ್ದ ಡೇವಿಡ್ ಫ್ರೈಡಲ್ ಬೆಲೀಜ್‌ನ ಸೆರೋಸ್‌ನಲ್ಲಿ ಅಗೆದವನು. ಮಣ್ಣು ಬಲ್ಲ ಅವನೂ ಲಿಪಿ ಬಲ್ಲ ಷೀಲಿಯೂ ಸೇರಿ 1990ರಲ್ಲಿ ಬರೆದ ‘ಎ ಫಾರೆಸ್ಟ್ ಆಫ್ ಕಿಂಗ್ಸ್’, ಮಾಯಾ ಅರಸರನ್ನು ಹೆಸರು ಹಿಡಿದು ಮಾತಾಡಿಸಿದ ಪುಸ್ತಕ. ಅದಕ್ಕೂ ಮೊದಲು, 1986ರಲ್ಲಿ, ಫೋರ್ಟ್‌ವರ್ತ್‌ನ ಕಿಂಬೆಲ್ ಕಲಾ ಸಂಗ್ರಹಾಲಯದಲ್ಲಿ ಷೀಲಿ ಮತ್ತು ಮೇರಿ ಮಿಲ್ಲರ್ ‘ದಿ ಬ್ಲಡ್ ಆಫ್ ಕಿಂಗ್ಸ್’ ಪ್ರದರ್ಶನ ಏರ್ಪಡಿಸಿದ್ದರು. ನಕ್ಷತ್ರ ನೋಡುವ ಶಾಂತ ಪುರೋಹಿತರೆಂದು ಬಗೆದಿದ್ದ ಜನ ಯುದ್ಧ ಮಾಡಿದ್ದೂ, ರಾಣಿಯರು ನಾಲಗೆಗೆ ಮುಳ್ಳುಹಗ್ಗ ಪೋಣಿಸಿ ರಕ್ತ ಅರ್ಪಿಸಿದ್ದೂ ಅಲ್ಲಿ ಎಲ್ಲರ ಕಣ್ಣೆದುರಾಯಿತು. ಯಾರ ನೆಲದಿಂದ ಹೇಗೆ ಬಂದವೆಂದು ದಾಖಲೆಯೇ ಇಲ್ಲದ ವಸ್ತುಗಳೂ ಅಲ್ಲಿದ್ದವೆಂದು ಆಕ್ಷೇಪ ಎದ್ದಿತು. ಗುಡಿಗಳಿಂದ ವಿಗ್ರಹ ಕಳೆದುಕೊಂಡ ನಾಡಿನವರಾದ ನಮಗೆ ಆ ಆಕ್ಷೇಪವನ್ನು ತಳ್ಳಿಹಾಕುವುದು ಕಷ್ಟ. ಹ್ಯೂಸ್ಟನ್ನಿನದು ಬೇರೆ ಬಗೆಯ ಕೆಲಸ: ಅಲ್ಲಿನ ವಿಶ್ವವಿದ್ಯಾಲಯದ ರೆಬೆಕಾ ಸ್ಟೋರಿ ಕೋಪಾನ್ ಎಂಬ ಮಾಯಾ ನಗರದ ಜನರ ಎಲುಬುಗಳನ್ನೇ ಓದಿದಳು.

ಇಲ್ಲೊಂದು ಅಡ್ಡಮಾತು. ಮಾಯಾ ಜನರ ‘ದೀರ್ಘ ಎಣಿಕೆ’ ಎಂಬ ಕಾಲಗಣನೆ ಶುರುವಾಗುವುದು ಕ್ರಿ.ಪೂ. 3114ಕ್ಕೆ, ನಮ್ಮ ಕಲಿಯುಗ ಕ್ರಿ.ಪೂ. 3102ಕ್ಕೆ. ಹನ್ನೆರಡೇ ವರ್ಷ ಅಂತರ ಎಂದು ಪುಳಕಗೊಂಡು, ಮಾಯಾ ಜನ ಮಯಾಸುರನ ವಂಶದವರೆಂದು ವಾಟ್ಸಾಪ್‌ನಲ್ಲಿ ಕಳಿಸುವ ಹಿರಿಯರು ನಮ್ಮ ಸಂಘದಲ್ಲೂ ಇದ್ದಾರೆ. ಎರಡೂ ಹಿಂದಕ್ಕೆ ಲೆಕ್ಕ ಹಾಕಿ ಪಡೆದ ಆರಂಭಗಳು, ಸ್ವಾಮಿ. ಅಷ್ಟೇ.

ಷೀಲಿ 1998ರ ಏಪ್ರಿಲ್‌ನಲ್ಲಿ, 55ರ ವಯಸ್ಸಿನಲ್ಲಿ, ಕ್ಯಾನ್ಸರಿನಿಂದ ತೀರಿಕೊಂಡಳು. ವ್ಯಕ್ತಿಯೊಬ್ಬರ ಉತ್ಸಾಹದ ಮೇಲೆ ನಿಂತ ಬಳಗಗಳು ಸಾಮಾನ್ಯವಾಗಿ ಅವರ ತಿಥಿಯ ಹೊತ್ತಿಗೆ ಕರಗುತ್ತವೆ. ಇದು ಕರಗಲಿಲ್ಲ. 2004ರಲ್ಲಿ ಷೀಲಿ ದಂಪತಿಯ ಹೆಸರಿನ ಪೀಠಕ್ಕೆ ಡೇವಿಡ್ ಸ್ಟುವರ್ಟ್ ಬಂದ. ಬಾಲ್ಯದಲ್ಲಿ ಷೀಲಿಯ ಜೊತೆ ಪಲೆಂಕೆಯಲ್ಲಿ ಕೂತು ಲಿಪಿ ಕಲಿತವನು, ಹದಿನೆಂಟಕ್ಕೇ ಮೆಕಾರ್ಥರ್ ಫೆಲೋಶಿಪ್ ಪಡೆದವನು.

ಅವಳ ಕೆಲಸಗಳಲ್ಲಿ ನನಗೆ ಹೆಚ್ಚು ಹಿಡಿಸಿದ್ದು ಆಸ್ಟಿನ್ನಿನ ಹೊರಗೆ ನಡೆದದ್ದು. ಗ್ವಾಟೆಮಾಲಾದಲ್ಲಿ ಅಂತರ್ಯುದ್ಧ ಇನ್ನೂ ಮುಗಿದಿರಲಿಲ್ಲ. 1980ರ ದಶಕದ ಕೊನೆಯಿಂದ ಷೀಲಿ, ಜರ್ಮನಿಯ ನಿಕೊಲಾಯ್ ಗ್ರೂಬೆ ಮತ್ತು ಗ್ವಾಟೆಮಾಲಾದ ಫೆಡೆರಿಕೊ ಫಾಹ್ಸೆನ್ ಜೊತೆ, ಮಾಯಾ ಭಾಷೆಗಳನ್ನಾಡುವವರಿಗೇ ಅವರ ಪೂರ್ವಿಕರ ಲಿಪಿ ಕಲಿಸತೊಡಗಿದಳು. ಸ್ಪೇನಿನವರು ಹಸ್ತಪ್ರತಿಗಳನ್ನು ಸುಟ್ಟ ಮೇಲೆ ಓದುವವರಿಲ್ಲದೆ ಹೋಗಿದ್ದ ಲಿಪಿ ಅದು. ಆ ಭಾಷೆಗಳು ಇಂದಿಗೂ ಮೂವತ್ತರಷ್ಟಿವೆ. ಅವನ್ನಾಡುವ ಯುವಕರು ಈಗ ಹೊಸ ಕಲ್ಲುಗಳನ್ನು ಅದೇ ಲಿಪಿಯಲ್ಲಿ ಕೆತ್ತಿ ನಿಲ್ಲಿಸುತ್ತಿದ್ದಾರೆ.

ಆಸ್ಟಿನ್ ಡಲ್ಲಾಸಿನಿಂದಲೂ ಹ್ಯೂಸ್ಟನ್ನಿನಿಂದಲೂ ಮೂರು ಗಂಟೆ ಆಚೀಚೆಯ ದಾರಿ. ಅಷ್ಟು ದೂರ ಬೇಡವೆನ್ನುವ ಡಲ್ಲಾಸಿನವರು ಕಿಂಬೆಲ್‌ಗಾದರೂ ಹೋಗಿ ಬನ್ನಿ. ಸೆರೆಯಾಳುಗಳನ್ನು ಅರಸನಿಗೆ ಒಪ್ಪಿಸುವ ದೃಶ್ಯದ ಒಂದು ಮಾಯಾ ಫಲಕ ಅಲ್ಲಿದೆ. ಕಾಲ ಸುಮಾರು 785, ಅಂದರೆ ನಮ್ಮಲ್ಲಿ ರಾಷ್ಟ್ರಕೂಟ ಧ್ರುವನ ಆಳ್ವಿಕೆ. ಕಾಯಂ ಸಂಗ್ರಹ ನೋಡಲು ಟಿಕೆಟ್ ಬೇಕಿಲ್ಲ.